ಯೂನಿಸ್ ಎರಡನೇ ಸಲ ಹಾಕಿಸಿಕೊಂಡಳು

ಮೇ 3, ಶನಿವಾರ. ಬೆಳಿಗ್ಗೆ ಆರೂವರೆ

ಆರ್ಡರು ಬಂದ ಮೂರು ಮೊರ ಸ್ಪಗೆಟ್ಟಿ ಹತ್ತು ಗಂಟೆಗೆ ಚರ್ಚ್ ಹಾಲ್‌ಗೆ ಹೋಗಬೇಕು. ಹಂದಿ ಖೈಮಾ ಹುರಿಯಲು ಇಟ್ಟು ಇದನ್ನು ಬರೆಯುತ್ತಿದ್ದೇನೆ. ಪಕ್ಕದಲ್ಲಿ ಯೂನಿಸ್ ಹಾಟ್‌ಡಾಗ್ ಸಾಸೇಜು ಓರೆಯಾಗಿ ಕತ್ತರಿಸುತ್ತಿದ್ದಾಳೆ. ಐದಕ್ಕೊಂದು ಬಾಯಿಗೆ. ನೋಡದವಳಂತೆ ಇದ್ದೇನೆ.

ನಾಳೆ ಆರ್ಸೆಲಿ ಬರುತ್ತಾಳೆ. ನನ್ನ ತಂಗಿ. ಯೂನಿಸ್‌ಳನ್ನು ಹೆತ್ತವಳು. ಮಗುವಿಗೆ ಎಂಟು ತಿಂಗಳಿದ್ದಾಗ ಇಟಲಿಯ ಮಿಲಾನಿಗೆ ಮನೆಗೆಲಸಕ್ಕೆ ಹೋದಳು — ಗಂಡ ಅನ್ನಿಸಿಕೊಂಡವನು ಅದಕ್ಕೂ ಮೊದಲೇ ಮನಿಲಾದಲ್ಲಿ ಇನ್ನೊಂದು ಸಂಸಾರ ಹೂಡಿದ್ದ. ನಡುವೆ ಒಂದೇ ಒಂದು ಸಲ ಬಂದಿದ್ದಳು. ಯೂನಿಸ್‌ಗೆ ಆಗ ನಾಲ್ಕು ವರ್ಷ. ಮೂರು ವಾರವೂ ನನ್ನ ಲಂಗದ ಹಿಂದೆ ಅಡಗಿಕೊಂಡೇ ಇದ್ದಳು. ಆರ್ಸೆಲಿ ಅತ್ತಳು. ನಾನು ಸಮಾಧಾನ ಹೇಳಿದೆ. ಒಳಗೆ ಖುಷಿಯಾಗಿತ್ತು. ಇಲ್ಲಿ ಬರೆದರೆ ಯಾರಿಗೇನು ನಷ್ಟ.

ಈ ಇಪ್ಪತ್ತನಾಲ್ಕಕ್ಕೆ ಯೂನಿಸ್‌ಗೆ ಹತ್ತು ತುಂಬುತ್ತದೆ. ನಾನು ಅಮ್ಮ. ಆರ್ಸೆಲಿ ಫೋನಿನ ಮಮ್ಮಿ.

"ಅಮ್ಮ, ಮಮ್ಮಿ ನಿನಗಿಂತ ಎತ್ತರಾನಾ? ಫೋನಲ್ಲಿ ಬರೀ ಮುಖ ಕಾಣತ್ತೆ."

"ನಿನ್ನ ಕೆಲಸ ನೋಡು."

ಖೈಮಾ ತಳ ಹಿಡಿಯಿತು.

ಮೇ 5, ಸೋಮವಾರ

ಬಂದಳು. ಎರಡು ಸೂಟ್‌ಕೇಸ್, ಒಂದು ದೊಡ್ಡ ರಟ್ಟಿನ ಪೆಟ್ಟಿಗೆ. ನನಗೆ ಸ್ಟೀಲಿನ ಪಾತ್ರೆಗಳು. ಯೂನಿಸ್‌ಗೆ ಬಿಳಿ ಶೂ, ಕಾಲಿಗೆ ಅಚ್ಚು ಹೊಯ್ದಂತೆ ಸರಿ ಹೋಯಿತು. ಅಳತೆ ಹೇಳಿದ್ದು ಯಾರು? ನಾನಲ್ಲ.

ಈ ಸಲ ಅಡಗಿಕೊಳ್ಳಲಿಲ್ಲ. ಹತ್ತು ನಿಮಿಷದಲ್ಲಿ ತಾಯಿಯ ತೊಡೆಯ ಮೇಲೆ, ಇಷ್ಟುದ್ದ ಕಾಲು ಇಳಿಬಿಟ್ಟುಕೊಂಡು. ನನ್ನ ತೊಡೆ ಬಿಟ್ಟು ಎರಡು ವರ್ಷವಾಗಿತ್ತು. 'ನಾನೀಗ ದೊಡ್ಡವಳು' ಅಂತ.

ಮೇ 8, ಗುರುವಾರ

ಇವತ್ತು ಅಡುಗೆಮನೆ ಆರ್ಸೆಲಿಯದು. "ಅಕ್ಕ, ನೀನು ಕೂತ್ಕೋ. ಒಂದಿನ ನಾನು ಮಾಡ್ತೀನಿ." ಕೂತೆ. ನನ್ನ ಮನೆಯಲ್ಲೇ ನೆಂಟಳ ಹಾಗೆ.

ಟೊಮೇಟೊ, ಬೆಳ್ಳುಳ್ಳಿ, ಎಣ್ಣೆ, ಯಾವುದೋ ಎಲೆ. ಅಷ್ಟೇ. ಸಕ್ಕರೆ ಇಲ್ಲ, ಬಾಳೆಹಣ್ಣಿನ ಕೆಚಪ್ ಇಲ್ಲ, ಹಾಟ್‌ಡಾಗ್ ಇಲ್ಲ. ಸ್ಪಗೆಟ್ಟಿಯನ್ನು ಅರ್ಧ ಬೇಯುವಾಗಲೇ ಬಸಿದುಬಿಟ್ಟಳು.

"ಇದು ಬೆಂದಿಲ್ಲ," ಅಂದೆ.

"ಅಲ್ಲಿ ಹಿಂಗೇ ತಿನ್ನೋದು ಅಕ್ಕ. ನಿನ್ನ ಥರ ಗಂಜಿ ಮಾಡಿದ್ರೆ ನನ್ನ ಯಜಮಾನಿ ತಟ್ಟೆ ಹಿಂದಕ್ಕೆ ತಳ್ತಾಳೆ. ಸಕ್ಕರೆ ಬೇರೆ ಹಾಕಿದ್ರೆ ಪೊಲೀಸ್‌ಗೆ ಫೋನ್ ಮಾಡ್ತಾಳೆ."

"ಇಲ್ಲಿ ಸಕ್ಕರೆ ಹಾಕ್ದಿದ್ರೆ ಮಕ್ಕಳು ಫೋನ್ ಮಾಡ್ತಾವೆ."

ನಕ್ಕೆವು. ನಾನು ಸ್ವಲ್ಪ ಕಮ್ಮಿ ನಕ್ಕೆ.

ಯೂನಿಸ್ ತಿಂದಳು. ಅವಳ ಬಾಯನ್ನೇ ನೋಡುತ್ತಿದ್ದೆ. ಟೊಮೇಟೊ ಸಿಪ್ಪೆ ಅವಳಿಗಾಗದು. ತುತ್ತಿಗೊಂದು ಗುಟುಕು ನೀರು. ಮುಗಿಸಿದಳು. "ತುಂಬಾ ಚೆನ್ನಾಗಿದೆ ಮಮ್ಮಿ." ತಟ್ಟೆ ಮುಂದೆ ಮಾಡಿದಳು. ಎರಡನೇ ಸಲ.

ನನಗೆ ಎಂದೂ ಹಾಗೆ ಹೇಳಿದವಳಲ್ಲ. 'ಇವತ್ತು ಹಾಟ್‌ಡಾಗ್ ಕಮ್ಮಿ' ಅನ್ನುತ್ತಾಳೆ. 'ಚೀಸ್ ಎಲ್ಲಿ' ಅನ್ನುತ್ತಾಳೆ. ಹಿಡಿಸದಿದ್ದರೆ ತಟ್ಟೆ ಬಿಟ್ಟು ಎದ್ದು ಹೋಗುತ್ತಾಳೆ. ಇಷ್ಟು ವರ್ಷದಲ್ಲಿ ನನಗೋಸ್ಕರ ಒಂದೇ ಒಂದು ತುತ್ತನ್ನು ಕಷ್ಟಪಟ್ಟು ನುಂಗಿದ್ದಿಲ್ಲ.

ಉಳಿದದ್ದನ್ನು ನಾಯಿಗೆ ಹಾಕಿದೆ. ನಾಯಿಯೂ ತಿಂದಿತು. ಅದರ ಮೇಲೂ ಸಿಟ್ಟು ಬಂತು.

ಮೇ 9, ಶುಕ್ರವಾರ

ಎದುರು ಮನೆ ಪಾಸಿತಾಕ್ಕ ಬೇಲಿ ಹತ್ತಿರ ನಿಲ್ಲಿಸಿಕೊಂಡಳು.

"ಏನೇ ಫೆಲಿ, ನಿನ್ನ ಮಗಳಿಗೆ ಇಟಲಿ ಊಟ ಹಿಡಿಸ್ತಂತೆ?"

"ಮಗಳಲ್ಲ ಪಾಸಿತಾಕ್ಕ. ತಂಗಿ ಮಗಳು."

"ಹೌದಾ? ಹೋದ ವಾರದವರೆಗೂ ಮಗಳೇ ಆಗಿದ್ಲಪ್ಪ."

ಮೇ 13, ಮಂಗಳವಾರ

ಬಟ್ಟೆ ಒಗೆಯುವಾಗ ಆರ್ಸೆಲಿ ಹೇಳಿದಳು.

"ಅಕ್ಕ, ಪೇಪರ್ಸ್ ಎಲ್ಲಾ ಆಯ್ತು."

"ಯಾವ ಪೇಪರ್ಸು?"

"ಯೂನಿಸ್‌ದು. ಜೂನ್ ಕೊನೆಗೆ ಕರ್ಕೊಂಡು ಹೋಗ್ತೀನಿ. ಅಲ್ಲಿ ಸೆಪ್ಟೆಂಬರ್‌ಗೆ ಸ್ಕೂಲು ಶುರು."

ಕೈಯಲ್ಲಿದ್ದ ಬೆಡ್‌ಶೀಟು ಹಿಂಡುತ್ತಲೇ ಇದ್ದೆ. ನೀರು ಸೋರುವುದು ಯಾವಾಗಲೋ ನಿಂತಿತ್ತು.

"ನಿನಗೆ ಹೇಗೆ ಹೇಳೋದು ಅಂತಾನೇ…"

"ಹೇಳಿದ್ಯಲ್ಲ."

ಹೆತ್ತವಳು. ಕರೆದುಕೊಂಡು ಹೋಗುವುದು ನ್ಯಾಯ. ಹೋಗುವಾಗಲೇ ಹೇಳಿದ್ದಳು, 'ಕಾಲೂರಿದ ಮೇಲೆ ಕರೆಸಿಕೊಳ್ತೀನಿ' ಅಂತ. ನಾನು ಹೂಂ ಅಂದಿದ್ದೆ. ಆಮೇಲೆ ಜ್ವರ, ಹಲ್ಲು, ಸ್ಕೂಲು, ಹೇನು… ಹೂಂ ಅಂದದ್ದು ಮರೆತೇಹೋಯಿತು. ಮರೆತದ್ದು ನನ್ನದೇ ತಪ್ಪು. ಆದರೂ.

ಮೇ 16, ಶುಕ್ರವಾರ

ಆರ್ಸೆಲಿ ಪೇಟೆಗೆ ಹೋಗಿದ್ದಾಗ ಯೂನಿಸ್ ಬಂದು ಅಂಟಿಕೊಂಡು ನಿಂತಳು.

"ಅಮ್ಮ, ಮಮ್ಮಿಗೆ ನಿನ್ನ ಸ್ಪಗೆಟ್ಟಿ ಕಲಿಸಿಕೊಡ್ತೀಯಾ? ನಾನು ಹೇಳ್ದೆ ಅಂತ ಹೇಳ್ಬೇಡ. ಬೇಜಾರ್ ಮಾಡ್ಕೋತಾರೆ."

"ಅವಳದು ಚೆನ್ನಾಗಿದೆ ಅಂದ್ಯಲ್ಲೇ. ಎರಡು ಸಲ ಹಾಕಿಸ್ಕೊಂಡೆ."

"ಅದು… ಅವರು ನೋಡ್ತಾ ಇದ್ರಲ್ಲ." ನನ್ನ ಲಂಗದ ಅಂಚು ತಿರುಚುತ್ತ, "ಅಲ್ಲಿಗೆ ಹೋದ್ಮೇಲೆ ದಿನಾ ಅದನ್ನೇ ತಿನ್ಬೇಕಾಗತ್ತೆ."

"ಹೋಗೋದು ನಿನಗೆ ಯಾವಾಗ ಗೊತ್ತಾಯ್ತು?"

"ಕ್ರಿಸ್‌ಮಸ್‌ಗೆ. ಮಮ್ಮಿ ಹೇಳ್ಬೇಡ ಅಂದ್ರು. ನೀನು ಊಟ ಬಿಟ್ಬಿಡ್ತೀಯ ಅಂತ."

ಐದು ತಿಂಗಳು. ನನ್ನ ಪಕ್ಕದಲ್ಲೇ ಕೂತು ಹಾಟ್‌ಡಾಗ್ ಕತ್ತರಿಸುತ್ತ ಐದು ತಿಂಗಳು ಹೊಟ್ಟೆಯಲ್ಲಿಟ್ಟುಕೊಂಡಿದ್ದಳು. ತಾಯಿಗೂ ಮಗಳಿಗೂ ನಡುವೆ ಒಂದು ಗುಟ್ಟು. ನನಗೂ ಅವಳಿಗೂ ಅಂಥದ್ದೊಂದು ಇದೆಯಾ? ಯೋಚಿಸಿದೆ. ಒಂದೂ ನೆನಪಾಗಲಿಲ್ಲ.

"ಕಲಿಸ್ತೀನಿ," ಅಂದೆ.

ಮೇ 19, ಸೋಮವಾರ

ಕಲಿಸಿದೆ. ಬೆಳ್ಳುಳ್ಳಿ, ಈರುಳ್ಳಿ. ಖೈಮಾ ಬಣ್ಣ ತಿರುಗುವವರೆಗೆ. ಟೊಮೇಟೊ ಸಾಸು ಒಂದು ಪಾಲು, ಬಾಳೆಹಣ್ಣಿನ ಕೆಚಪ್ ಎರಡು ಪಾಲು. ಸಕ್ಕರೆ. ಹಾಟ್‌ಡಾಗ್ ಆಮೇಲೆ. ಆರ್ಸೆಲಿ ಎಲ್ಲವನ್ನೂ ಫೋನಿನಲ್ಲಿ ಬರೆದುಕೊಂಡಳು. ಮೊದಲಿನಿಂದಲೂ ಓದಿನಲ್ಲಿ ಜಾಣೆ.

ಸಾಸು ಕುದಿಯುವಾಗ ಅವಳಿಗೆ ಮಿಲಾನಿನಿಂದ ಫೋನ್ ಬಂತು. ಅಂಗಳಕ್ಕೆ ಹೋದಳು. ಗಟ್ಟಿ ಸಿಹಿಹಾಲಿನ ಡಬ್ಬಿ ತೆರೆದು ಸುರಿದೆ. ಕಲಕಿದೆ. ಖಾಲಿ ಡಬ್ಬಿಯನ್ನು ಈರುಳ್ಳಿ ಸಿಪ್ಪೆಯ ಕೆಳಗೆ ತಳ್ಳಿದೆ.

ಬಂದು ರುಚಿ ನೋಡಿದಳು. "ಇದೇ ಅಕ್ಕ. ಇದೇ ರುಚಿ. ಬರ್ತ್‌ಡೇಗೆ ನಾನೇ ಮಾಡ್ತೀನಿ, ನೀನು ಕೈ ಹಾಕ್ಬೇಡ."

"ಆಯ್ತು."

ಸುಳ್ಳು ಹೇಳಲಿಲ್ಲ. ಒಂದು ಮಾತು ಹೇಳದೆ ಬಿಟ್ಟೆ, ಅಷ್ಟೇ. ಇಡೀ ದಿನ ಮೈ ಹಗುರವಾಗಿತ್ತು.

ಮೇ 24, ಶನಿವಾರ. ಸಂಜೆ

ಇಪ್ಪತ್ತೆರಡು ಮಕ್ಕಳು. ಬೀದಿಯ ಅರ್ಧ ಜನ. ಆರ್ಸೆಲಿ ಬೆಳಗಿನಿಂದ ಒಲೆ ಬಿಟ್ಟು ಏಳಲಿಲ್ಲ. ಬಾಳೆಎಲೆ ಹಾಸಿದ ಎರಡು ದೊಡ್ಡ ಮೊರ, ಮೇಲೆ ಚೀಸ್ ತುರಿ. ನೋಡಲು ಥೇಟ್ ನನ್ನದೇ.

ಮೊದಲು ತಿಂದವಳು ಪಾಸಿತಾಕ್ಕ. "ಫೆಲಿ, ಇವತ್ತೇನಾಯ್ತೇ ನಿನ್ನ ಕೈಗೆ? ಹುಳಿ ಹೊಡೀತಿದೆ."

"ನಾನಲ್ಲ ಮಾಡಿದ್ದು," ಅಂದೆ. ಎಲ್ಲರಿಗೂ ಕೇಳುವ ಹಾಗೆ ಅಂದೆ.

ಮಕ್ಕಳು ಒಬ್ಬೊಬ್ಬರಾಗಿ ತಟ್ಟೆ ಬದಿಗಿಟ್ಟು ಕೇಕಿನ ಕಡೆ ಸರಿದವು. ಆರ್ಸೆಲಿ ತಾನೂ ಬಾಯಿಗೆ ಹಾಕಿಕೊಂಡಳು. ಮುಖ ಬಾಡಿತು. "ನೀನು ಹೇಳ್ದಂಗೇ ಮಾಡ್ದೆನಲ್ಲ ಅಕ್ಕ. ಏನು ಬಿಟ್ಟೆ ನಾನು?"

ಎಷ್ಟು ದಿನದಿಂದ ಕಾದಿದ್ದ ಗಳಿಗೆ. ಜ್ಯೂಸಿನ ಜಗ್ಗು ಎತ್ತಿಕೊಂಡು ದೂರ ಸರಿದೆ.

ಆಗ ಯೂನಿಸ್ ಬಂದಳು. ತಲೆಯ ಮೇಲೆ ರಟ್ಟಿನ ಕಿರೀಟ. ಐದು ವರ್ಷದಿಂದ ನನಗೆ ಸಿಹಿಹಾಲಿನ ಡಬ್ಬಿ ಎತ್ತಿ ಕೊಡುತ್ತಿದ್ದವಳು ಅವಳೇ. ಒಂದು ತುತ್ತು ತಿಂದು ನನ್ನ ಕಡೆ ನೋಡಿದಳು. ಬಹಳ ಹೊತ್ತೇನೂ ನೋಡಲಿಲ್ಲ.

"ತಪ್ಪು ನಂದು ಮಮ್ಮಿ. ಕೊನೇಲಿ ಸಿಹಿಹಾಲು ಹಾಕ್ಬೇಕು. ನಿಮಗೆ ಹೇಳು ಅಂತ ಅಮ್ಮ ನನ್ನ ಹತ್ರ ಹೇಳಿದ್ಲು. ಮರ್ತ್‌ಬಿಟ್ಟೆ."

"ಬೆಳಗಿಂದ ಒಲೆ ಮುಂದೆ ಬೆಂದಿದ್ದೀನಿ. ಇಷ್ಟೂ ನೆನಪಿರಲ್ವಾ ನಿಂಗೆ? ಎಲ್ಲರ ಮುಂದೆ ನನ್ನ ಮಾನ ಕಳೆದ್ಯಲ್ಲ." ಆರ್ಸೆಲಿ ಕೈಲಿದ್ದ ಸೌಟು ಮೇಜಿನ ಮೇಲೆ ಕುಕ್ಕಿದಳು. ಬೀದಿಯೆಲ್ಲ ನೋಡುತ್ತಿತ್ತು. ಯೂನಿಸ್ ತಲೆ ತಗ್ಗಿಸಿದಳು. ಕಿರೀಟ ಜಾರಿ ಮೂಗಿನ ಮೇಲೆ ಬಂತು.

ನಾನು ಎರಡು ಮಾರು ದೂರದಲ್ಲಿದ್ದೆ, ಜ್ಯೂಸಿನ ಜಗ್ಗು ಹಿಡಿದುಕೊಂಡು. ಒಂದು ಮಾತು ಸಾಕಿತ್ತು. ಎಲ್ಲರ ಲೋಟಕ್ಕೂ ಜ್ಯೂಸ್ ಬಗ್ಗಿಸುತ್ತ ಹೋದೆ.

ಮೇ 25, ಭಾನುವಾರ

ಚರ್ಚಿನಿಂದ ಬರುವ ದಾರಿಯಲ್ಲಿ ಆರ್ಸೆಲಿಗೆ ಹೇಳಿದೆ. ಯೂನಿಸ್ ಮುಂದೆ ಓಡಿದ್ದಳು.

"ಮಗು ಮರೆತಿಲ್ಲ. ನಾನು ಯಾರಿಗೂ ಹೇಳಿರಲೇ ಇಲ್ಲ. ಬೇಕಂತಲೇ."

ಕೂಗಾಡುತ್ತಾಳೆ ಅಂದುಕೊಂಡಿದ್ದೆ. ಸಮುದ್ರದ ಕಡೆಯ ಕಟ್ಟೆಯ ಮೇಲೆ ಕೂತುಬಿಟ್ಟಳು.

"ಯಾಕೆ ಅಕ್ಕ?"

"ನಿನ್ನ ಸ್ಪಗೆಟ್ಟಿ ಎರಡು ಸಲ ಹಾಕಿಸ್ಕೊಂಡ್ಲು."

ನನ್ನನ್ನೇ ನೋಡಿದಳು. ಆಮೇಲೆ ನಕ್ಕಳು, ಕೇಳಲು ಹಿತವಲ್ಲದ ನಗು.

"ಅವಳಿಗೆ ಅದು ಸೇರಲಿಲ್ಲ ಅಂತ ನನಗೆ ಗೊತ್ತಾಗ್ಲಿಲ್ಲ ಅಂದ್ಕೊಂಡ್ಯಾ? ನಾನೇನು ಕುರುಡೀನಾ? ಯಾರದೋ ಮನೇಲಿ ಉಣ್ಣೋ ಹಾಗೆ ಉಂಡ್ಲು. ನಿನಗೆ 'ನೀನು' ಅಂತಾಳೆ, ನನಗೆ 'ನೀವು'. ನಿನಗೋಸ್ಕರ ಬೀದಿ ಮುಂದೆ ಸುಳ್ಳು ಹೇಳಿ ಬೈಸ್ಕೊಂಡ್ಲು. ನನಗೋಸ್ಕರ ಏನು ಮಾಡ್ತಾಳೆ? 'ಚೆನ್ನಾಗಿದೆ ಮಮ್ಮಿ'." ಮೂಗು ಒರೆಸಿಕೊಂಡಳು. "ಅವಳು ನಿನ್ನ ಸೊಂಟದ ಮೇಲೆ ಕೂತಿರೋದನ್ನ ಫೋನಲ್ಲಿ ನೋಡಿ ಎಷ್ಟು ಸಲ ನೆಟ್‌ವರ್ಕ್ ಇಲ್ಲ ಅಂತ ಕಟ್ ಮಾಡಿದ್ದೀನಿ ಗೊತ್ತಾ?"

ಗೊತ್ತಿರಲಿಲ್ಲ. ಆ ನೆಟ್‌ವರ್ಕನ್ನು ನಾನೂ ಬೈದಿದ್ದೆ.

ಪಕ್ಕದಲ್ಲಿ ಕೂತೆ. ಜಾಗ ಬಿಟ್ಟಳು, ಅಷ್ಟೇ.

ಮಧ್ಯಾಹ್ನ ಇಬ್ಬರೂ ಯೂನಿಸ್ ಮುಂದೆ ನಿಂತು ತಪ್ಪಾಯ್ತು ಅಂದೆವು. ಎದುರು ಮನೆಗೂ ಹೋಗಿ ಹೇಳಿಬರುತ್ತೇನೆ, ಮಗುವಿನ ತಪ್ಪಲ್ಲ ಅಂತ, ಅಂದೆ. ಹೋಗಿ ಹೇಳಿಯೂ ಬಂದೆ. ಪಾಸಿತಾಕ್ಕ ಜೀವಮಾನಕ್ಕಾಗುವಷ್ಟು ಸಂತೋಷಪಟ್ಟಳು.

"ಸುಳ್ಳು ಹೇಳಿದ್ದಕ್ಕೆ ಇನ್ನೊಂದು ಸಲ ಬೈತೀರಾ?" ಯೂನಿಸ್ ಕೇಳಿದಳು.

"ಇಲ್ಲ."

"ಹಾಗಾದ್ರೆ ಇನ್ನೊಂದು ಕೇಕ್ ತರಿಸಿ."

ಜೂನ್ 11

ಬರೆಯಲು ಏನೂ ಇಲ್ಲ. ಸೂಟ್‌ಕೇಸ್ ನಡುಮನೆಯಲ್ಲಿ ಬಾಯಿ ತೆರೆದುಕೊಂಡು ಬಿದ್ದಿದೆ. ಅದನ್ನು ಸುತ್ತು ಹಾಕಿಕೊಂಡು ಓಡಾಡುತ್ತೇನೆ.

ಜೂನ್ 28, ಶನಿವಾರ

ಹೋದರು. ವ್ಯಾನ್ ತಿರುವಿನಲ್ಲಿ ನಿಂತಿತು. ಏನೋ ಮರೆತಿರಬೇಕು ಎಂದು ಓಡಿದೆ. ಕೋಳಿ ಅಡ್ಡ ಬಂದಿತ್ತು. ಅದು ದಾಟಿದ ಮೇಲೆ ಹೊರಟಿತು.

ಜುಲೈ 20, ಭಾನುವಾರ. ಸಂಜೆ ಐದೂವರೆ

ನಾಲ್ಕಕ್ಕೆ ಆರ್ಸೆಲಿಯ ಫೋನ್. ಅಲ್ಲಿ ಬೆಳಿಗ್ಗೆ ಹತ್ತು. ಪಿಸುದನಿ.

"ಅಕ್ಕ, ಕೆಳಗಿನ ಮನೇಲಿ ಒಬ್ಬಳು ಮುದುಕಿ ಇದ್ದಾಳೆ. ಜೂಲಿಯಾನಾ ಅಂತ. ನಿನ್ನ ಮಗಳು ಎದ್ದವಳೇ ಅಲ್ಲಿಗೆ ಓಡ್ತಾಳೆ. ಅದೇನೋ ಕುಂಬಳಕಾಯಿ ತುಂಬಿದ ಕಡುಬು ಮಾಡಿ ಕೊಡ್ತಾಳಂತೆ. ತಟ್ಟೆ ನೆಕ್ಕಿ ಬರ್ತಾಳೆ."

"ಕುಂಬಳಕಾಯಿನಾ? ನಾನು ಹಾಕಿದ್ರೆ ಮುಟ್ಟಿಯೂ ನೋಡ್ತಿರಲಿಲ್ಲ."

"ನಾನು ಹಾಕಿದ್ರೂ ಅಷ್ಟೇ."

"ವಯಸ್ಸೆಷ್ಟು ಅವಳಿಗೆ?"

"ಎಂಬತ್ತು."

"ಎಂಬತ್ತಕ್ಕೆ ಕಡುಬು ಮಾಡ್ಕೊಂಡು ಕೂರೋಕೆ ಅವಳಿಗೇನು ಬಂದಿರೋದು? ಮಕ್ಕಳಿಲ್ವಾ?"

"ಇದ್ದಾರೆ. ಬರಲ್ಲ."

ಫೋನನ್ನು ಇನ್ನೊಂದು ಕಿವಿಗೆ ಬದಲಿಸಿದೆ.

"ಆದ್ರೂ," ಅಂದಳು ಆರ್ಸೆಲಿ.

"ಆದ್ರೂ," ಅಂದೆ ನಾನು.

ಒಂದು ಗಂಟೆ ಆ ಮುದುಕಿಯನ್ನು ಬೈದೆವು. ಅವಳ ನಾಯಿಯನ್ನು, ಅವಳ ಕೂದಲಿನ ಬಣ್ಣವನ್ನು, ಅವಳು ಯೂನಿಸ್‌ಳನ್ನು ಕರೆಯುವ ಮುದ್ದಿನ ಹೆಸರನ್ನು. ತಂಗಿಯ ಜೊತೆ ಇಷ್ಟು ಹೊತ್ತು ಮಾತಾಡಿ ಎಷ್ಟು ವರ್ಷವಾಗಿತ್ತೋ. ಕೊನೆಗೆ ಹೊಟ್ಟೆ ಹಿಡಿದುಕೊಂಡು ನಕ್ಕೆವು. ಹೊಟ್ಟೆಯುರಿ ಮಾತ್ರ ಇಳಿಯಲಿಲ್ಲ.

ಬಜಾರಿನಿಂದ ಒಂದು ಕುಂಬಳಕಾಯಿ ತಂದಿಟ್ಟಿದ್ದೇನೆ. ಸುಮ್ಮನೆ.

ಮತ್ತೆ ಫೋನ್ ಬಡಿದುಕೊಳ್ಳುತ್ತಿದೆ. ಈ ಸಲ ಯೂನಿಸ್ ಇರಬೇಕು. ಆ ಕಡುಬಿನ ಸುದ್ದಿ ಎತ್ತಬಾರದು ಅಂದುಕೊಂಡಿದ್ದೇನೆ. ಎತ್ತಿಯೇ ಎತ್ತುತ್ತೇನೆ. ಹಿಟ್ಟಿಗೆ ಮೊಟ್ಟೆ ಹಾಕ್ತಾಳಾ, ಇಲ್ಲಾ ಬರೀ—