ಸ್ಪೀಕರ್ ಆನ್ ಇತ್ತು, ಅಪ್ಪ

ಪ್ರೀತಿಯ ಅಪ್ಪನಿಗೆ,

ಹೀಗೆ ಪತ್ರ ಬರೆಯುತ್ತಿರುವುದಕ್ಕೆ ಸಾರಿ. ಫೋನಿನಲ್ಲಿ ಹೇಳಲು ಧೈರ್ಯ ಸಾಲಲಿಲ್ಲ. ಪರೀಕ್ಷೆಗೆ ಹೆದರಿ ನಾನು ಅತ್ತಾಗ ನೀವು ಮೊದಲ ಸಲ ಯುದ್ಧದ ಮಾತೆತ್ತಿದಿರಲ್ಲ, ಲಾರಿಯಲ್ಲಿ ಪಕ್ಕದಲ್ಲೇ ಕೂತಿದ್ದ ಗೆಳೆಯ ತೀರಿಹೋದದ್ದು, ನೀವೂ ಹೆದರಿದ್ದು, ಆಗ ನನ್ನ ಫೋನಿನ ಸ್ಪೀಕರ್ ಆನ್ ಇತ್ತು. ಬಟ್ಟೆ ಮಡಚುತ್ತಿದ್ದ ರೂಮ್‌ಮೇಟ್ ಎಲ್ಲವನ್ನೂ ಕೇಳಿಸಿಕೊಂಡಳು.

ಇದು ತಿಳಿದು ನೀವು ಮತ್ತೆ ಸುಮ್ಮನಾಗಿಬಿಟ್ಟರೆ ಎಂದು ನನಗೆ ಸಿಕ್ಕಾಪಟ್ಟೆ ಟೆನ್ಶನ್. "ಆವತ್ತಿಂದ ನಿಮ್ಮಪ್ಪ ಮಾತಾಡಿ ಮಾತಾಡಿ ನನ್ನ ತಲೆ ತಿಂತಿದಾರೆ ಕಣೇ, ತಿನ್ಲಿ ಬಿಡು!" ಎಂದು ಅಮ್ಮ ಎಷ್ಟು ಖುಷಿಯಾಗಿ ಹೇಳಿದಳು ಗೊತ್ತಾ?

ರೂಮ್‌ಮೇಟ್‌ನ ಅಣ್ಣನೂ ಯುದ್ಧಕ್ಕೆ ಹೋಗಿ ಬಂದವನು. ಮನೆಯಲ್ಲಿ ಯಾರ ಜೊತೆಗೂ ಮಾತಿಲ್ಲವಂತೆ. "ನಿಮ್ಮಪ್ಪ ಒಂದ್ಸಲ ಅವನ ಹತ್ರ ಮಾತಾಡ್ತಾರೇನೇ?" ಎಂದು ಕೇಳಿದಳು. ನನ್ನನ್ನು ಎಷ್ಟು ಬೇಕಾದರೂ ಬೈಯಿರಿ, ಆದರೆ ಅವನೊಂದಿಗೆ ಮಾತಾಡಿ ಅಪ್ಪ. ಆಗುತ್ತದೋ ಇಲ್ಲವೋ, ದಯವಿಟ್ಟು ಬೇಗ ಬರೆಯಿರಿ.

ನಿಮ್ಮ ಪುಟ್ಟಿ