ದಾವೆಯಿಂದ ಹೊರಬಂದ ಕೋಣೆ

ಮನೆಯಿಂದ, ಬುಧವಾರ ಇಳಿಹೊತ್ತು

ಪ್ರೀತಿಯ ತಮ್ಮಾ,

ಹೇಗಿದ್ದೀಯಾ? ಬೆನ್ನುನೋವು ಕಡಿಮೆಯಾಯಿತೋ, ಇನ್ನೂ ಕುರ್ಚಿ ಹಿಡಿದುಕೊಂಡೇ ಏಳುತ್ತೀಯೋ? ನಾನು ಚೆನ್ನಾಗಿದ್ದೇನೆ. ತಮ್ಮನ ಮೇಲೆ ದಾವೆ ಹೂಡಿದವಳು ಅವನ ಬೆನ್ನಿನ ಯೋಚನೆ ಮಾಡಬಾರದೆಂದು ಕಾನೂನಿನಲ್ಲಿ ಎಲ್ಲೂ ಇಲ್ಲವಂತೆ. ನನ್ನ ವಕೀಲರನ್ನು ಕೇಳಿಯೇ ಬರೆಯುತ್ತಿದ್ದೇನೆ.

ಹೋದ ತಿಂಗಳು ಅಪ್ಪನ ಮನೆಯ ಅಳತೆಗೆಂದು ಕೋರ್ಟಿನಿಂದ ಕಮಿಷನರರು ಬಂದಿದ್ದರು. ನಿನ್ನ ವಕೀಲರು ಮಹಡಿಯ ಕೋಣೆಯ ಬೀಗ ತೆಗೆದರು. ನಾನು ಆ ಕೋಣೆಗೆ ಕಾಲಿಟ್ಟಿದ್ದು ಅದೇ ಮೊದಲು. ಅಮ್ಮ ಹಾಸಿಗೆ ಹಿಡಿದಾಗ ನಾನು ದೂರದಲ್ಲಿದ್ದೆ. ಬರುವಷ್ಟರಲ್ಲಿ ಎಲ್ಲ ಮುಗಿದಿತ್ತು. ನಡುಮನೆಯಲ್ಲೇ ಅತ್ತು, ನಡುಮನೆಯಲ್ಲೇ ನಿನ್ನೊಡನೆ ಜಗಳವಾಡಿ ಹೊರಟುಬಿಟ್ಟೆ. ಮೇಲೊಂದು ಕೋಣೆ ಎಬ್ಬಿಸಬೇಕೆಂದು ಅಪ್ಪ ಯಾವಾಗಲೂ ಅನ್ನುತ್ತಿದ್ದರಲ್ಲ, ಅವರೇ ಕಟ್ಟಿಸಿದ್ದಿರಬೇಕು, ನೀನು ಅಮ್ಮನನ್ನು ಅಲ್ಲಿಗೆ ಸಾಗಹಾಕಿದೆ ಎಂದುಕೊಂಡಿದ್ದೆ. ವಾದಪತ್ರದಲ್ಲಿ ಆ ಕೋಣೆಯೂ ಅಪ್ಪನ ಆಸ್ತಿ, ಅದರಲ್ಲೂ ನನಗೆ ಪಾಲಿದೆ ಎಂದು ಬರೆಸಿದ್ದು ಹಾಗೆ.

ಒಳಗೆ ಹೋದರೆ ಅಮ್ಮನ ಮಂಚ. ಪಕ್ಕದ ಕಿಟಕಿ ಎಷ್ಟು ತಗ್ಗಿನಲ್ಲಿತ್ತೆಂದರೆ ಹೊರಗೆ ನೋಡಲು ನಾನು ಮಂಡಿಯೂರಬೇಕಾಯಿತು. ಮೇಸ್ತ್ರಿಗೆ ಅಳತೆ ತಪ್ಪಿದೆ ಎಂದರು ಕಮಿಷನರರು. ನಾನು ಮಂಚದ ಮೇಲೆ ಒರಗಿದೆ, ತಮ್ಮಾ. ದಿಂಬಿಗೆ ತಲೆ ತಾಗಿದ್ದೇ ತಡ, ಇಡೀ ಬೀದಿ ಮಡಿಲಿಗೆ ಬಂದಂತಾಯಿತು. ಟೈಲರ್ ಅಂಗಡಿಯ ಮೆಟ್ಟಿಲು, ಟವೆಲ್ ಕೊಡವುತ್ತಿದ್ದ ಕ್ಷೌರದವನು, ಸೈಕಲ್ ತಳ್ಳಿಕೊಂಡು ಹರಟುತ್ತಾ ಬರುವ ಹುಡುಗಿಯರು, ಅವರ ಹಿಂದೆ ಉದ್ದಕ್ಕೆ ಬಿದ್ದ ಬಿಸಿಲು. ಯಾರೋ ನನ್ನ ತಲೆ ಬಾಚುತ್ತಿದ್ದಂತೆ, ಸಿಕ್ಕು ಬಿಡಿಸುತ್ತಾ ಬೀದಿಯ ಸುದ್ದಿ ಹೇಳುತ್ತಿದ್ದಂತೆ ಅನ್ನಿಸಿತು. ಕಣ್ಣು ಹತ್ತಿರಬೇಕು. "ಅಮ್ಮಾ, ತಾವು ಎದ್ರೆ ಆ ಗೋಡೆ ಒಂದು ಅಳೀತೀನಿ" ಎಂದು ಕಮಿಷನರರು ಮೆಲ್ಲಗೆ ಅಂದಾಗಲೇ ಎಚ್ಚರ.

ಅಪ್ಪ ಇದ್ದಷ್ಟು ದಿನ ಅಮ್ಮ ಮನೆತುಂಬ ಓಡಾಡಿಕೊಂಡಿದ್ದಳು. ಅವಳಿಗೆ ಏಳಲಾಗದ ಸ್ಥಿತಿ ಬಂದದ್ದು ಅವರು ಹೋದ ಮೇಲೆ. ಮಲಗಿದವಳಿಗಾಗಿ ಇಟ್ಟ ಆ ಕಿಟಕಿಯನ್ನು ಅಪ್ಪ ಇಡಿಸಿರಲು ಸಾಧ್ಯವೇ ಇಲ್ಲ. ಆ ಕೋಣೆ ಕಟ್ಟಿಸಿದವನು ನೀನು.

ಮಾರನೆಯ ದಿನವೇ ಆ ಕೋಣೆಯನ್ನು ವಾದಪತ್ರದಿಂದ ತೆಗೆಸಿ ಎಂದು ನನ್ನ ವಕೀಲರಿಗೆ ಹೇಳಿದೆ. ಅವರು ತಲೆ ಕೆರೆದುಕೊಂಡರು. "ಸಾಕ್ಷಿ ಶುರುವಾಗಿದೆ. ಈಗ ತಿದ್ದುಪಡಿ ಅಂದ್ರೆ, ಇಷ್ಟು ದಿನ ಏನು ಮಾಡ್ತಿದ್ರಿ ಅಂತ ಕೇಳೇ ಕೇಳ್ತಾರೆ" ಎಂದರು. ಇವತ್ತು ಹಾಗೇ ಆಯಿತು. ನಿನ್ನ ವಕೀಲರು ಎದ್ದವರೇ, ತಡವಾಗಿದೆ, ದುರುದ್ದೇಶವಿದೆ, ನಮ್ಮ ಕಕ್ಷಿದಾರರಿಗೆ ಅನ್ಯಾಯವಾಗುತ್ತದೆ ಎಂದು ಒಂದೇ ಉಸಿರಿಗೆ ವಾದಿಸಿದರು. ನ್ಯಾಯಾಧೀಶರು ಕನ್ನಡಕ ತೆಗೆದು, "ಅವರು ಬಿಟ್ಟುಕೊಡ್ತಿದಾರೆ ಕಣ್ರೀ. ಅರ್ಜಿ ಓದಿದೀರಾ?" ಎಂದರು. ಪಾಪ, ನಿಂತಲ್ಲೇ ಓದಿದರು.

ಆಮೇಲೆ ನ್ಯಾಯಾಧೀಶರು ನನ್ನ ಕಡೆ ತಿರುಗಿ, ಮೊದಲೇ ಏಕೆ ಹೇಳಲಿಲ್ಲ ಎಂದು ಕೇಳಿದರು. "ಮೊದಲು ನೋಡಿರಲಿಲ್ಲ ಸ್ವಾಮಿ. ನೋಡಿದ ಮೇಲೆ ಸುಮ್ಮನಿರೋಕೆ ಆಗಲಿಲ್ಲ" ಎಂದೆ. ಅರ್ಜಿ ಮಂಜೂರಾಯಿತು.

ಹೊಟ್ಟೆತುಂಬ ಉಣ್ಣು, ಹೊತ್ತಿಗೆ ಸರಿಯಾಗಿ ಮಲಗು. ನಿನ್ನ ಹೆಂಡತಿಗೆ ನನ್ನ ನೆನಪು ಹೇಳು, ಮಕ್ಕಳ ಕೆನ್ನೆ ಸವರು. ಎಲ್ಲಿದ್ದರೂ ತಣ್ಣಗಿರಿ.

ನಿನ್ನ ಅಕ್ಕ

ತಾ.ಕ.: ಕೆಳಗಿನ ಮನೆಯ ಪಾಲನ್ನು ಬಿಟ್ಟಿಲ್ಲ, ಆ ಆಸೆ ಇಟ್ಟುಕೊಳ್ಳಬೇಡ. ಅರ್ಜಿಯಲ್ಲಿ ಇನ್ನೊಂದು ಸಾಲು ಸೇರಿಸಿ ಎಂದಿದ್ದೆ. ದಾವೆಗೆ ಸಂಬಂಧಪಡದ ಮಾತು, ಬರುವುದಿಲ್ಲ ಎಂದು ವಕೀಲರು ಹೊಡೆದುಹಾಕಿದರು. ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ: ಅಮ್ಮನನ್ನು ನೀನು ಚೆನ್ನಾಗಿ ನೋಡಿಕೊಂಡೆ.