ನೀಲಾಳ ಅರ್ಜಿ

ರೀ,

ನೀವು ತೋಟದಿಂದ ಬರುವ ಹೊತ್ತಿಗೆ ನಾನು ಬೆಂಗಳೂರಿನ ರೈಲಿನಲ್ಲಿರುತ್ತೇನೆ. ನಮ್ಮ ಮಗಳು ನೀಲಾಳ ಸಾವಿನ ತನಿಖೆ ಮತ್ತೆ ಆಗಲಿ ಎಂದು ಹೈಕೋರ್ಟಿಗೆ ಹಾಕಿದ್ದ ಅರ್ಜಿಯನ್ನು ವಾಪಸು ತೆಗೆದುಕೊಳ್ಳುತ್ತೇನೆ. ಅದು ನನ್ನ ಹೆಸರಿನಲ್ಲಿದೆ, ನಿಮ್ಮ ರುಜು ಬೇಕಿಲ್ಲ. ಹೇಳಿದ್ದರೆ ನೀವು ಬಿಡುತ್ತಿರಲಿಲ್ಲ.

ಮುದ್ದೆ, ಹುರುಳಿಕಾಳಿನ ಸಾರು ಒಲೆಯ ಪಕ್ಕ ಮುಚ್ಚಿಟ್ಟಿದ್ದೇನೆ. ಎಮ್ಮೆಗೆ ಹಿಂಡಿ ನೆನೆಸಿದೆ.

ನಾಳೆ ಕೊಬ್ಬರಿ ಸುಲಿಯುವವರು ಬರುತ್ತಾರೆ. ಅಟ್ಟದ ಬಡಗಣ ಮೂಲೆಯ ಕಾಯಿಗಳನ್ನು ಮಾತ್ರ ಇಳಿಸಬೇಡಿ. ಹೋದ ವರ್ಷ ಕೂಸನ್ನು ಎತ್ತಿಕೊಂಡು ಗಂಡನ ಮನೆಗೆ ಹೊರಡುವ ಮುಂಚೆ ಅವಳೇ ಜೋಡಿಸಿದ್ದು. ಈಗ ಒಳಗೆ ಕೊಬ್ಬರಿ ಒಣಗಿ ಕಳಚಿಕೊಂಡು ಗೊಟಗೊಟ ಎನ್ನುತ್ತಿವೆ. ಇಲಿ ಉರುಳಿಸುತ್ತದೆ ಎನ್ನುತ್ತೀರಿ ನೀವು. ನನಗೆ ಅವಳೇ ಒಂದೊಂದನ್ನೂ ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದಂತೆ ಕೇಳುತ್ತದೆ.

ಬಾವಿಗೆ ನೀನೇ ಬಿದ್ದೆಯಾ, ಗಂಡನ ಮನೆಯವರು ತಳ್ಳಿದರಾ ಎಂದು ಅವಳನ್ನು ಕೇಳುತ್ತಲೇ ಇದ್ದೇನೆ. "ಕೂಸು ಅಳ್ತಾ ಐತೆ ಕಣವ್ವ, ಎತ್ಕೊ" ಎನ್ನುತ್ತಾಳೆ, ಅಷ್ಟೆ.

ಬೀಗಿತ್ತಿ ಹೇಳಿ ಕಳಿಸಿದ್ದಾಳೆ. "ಅರ್ಜಿ ವಾಪಸ್ ತಗಂಡ್ರೆ ಕೂಸ್ನ ನೀವೇ ಸಾಕ್ಕಳಿ" ಎಂದು. "ಸತ್ತೋಳಿಗೆ ನ್ಯಾಯ ಬ್ಯಾಡ್ವೇನೇ" ಎಂದು ನೀವು ಬಯ್ಯುತ್ತೀರಿ. ಬಯ್ಯಿರಿ. ನ್ಯಾಯ ಸಿಗುವ ಹೊತ್ತಿಗೆ ಆ ಕೂಸು ಅದೇ ಬಾವಿಯಲ್ಲಿ ನೀರು ಸೇದುವಷ್ಟು ದೊಡ್ಡದಾಗಿರುತ್ತದೆ.

ನಾಡಿದ್ದು ಕೂಸನ್ನು ಕರೆತರುತ್ತೇನೆ. ತೊಟ್ಟಿಲು ಒರೆಸಿ ಬಿಸಿಲಿಗಿಡಿ. ಮುಖ ಅವಳದೇ. ಮೈಮರೆತು ನೀಲಾ ಎಂದು ಕರೆಯಬೇಡಿ. ಕರೆದರೆ ಅಟ್ಟದಿಂದ ಅವಳು ಓಗೊಟ್ಟಾಳು.